ಓದುಗರ ಪ್ರಶ್ನೆ, ನಮ್ಮ ಉತ್ತರ: ಹನ್ನೆರಡು ವರ್ಷಗಳ ಮೇಲೆ ಊರಿಗೆ ಮರಳಿದ ನಟ

ಕಳೆದ ಸಂಚಿಕೆಯ ಈ ಅಂಕಣದಲ್ಲಿ ‘ಪಚಿರ್ತ’ ಎಂಬ ಹಂಗೇರಿಯನ್ ಚಿತ್ರದ ಬಗ್ಗೆ ನಾಲ್ಕೇ ಸಾಲು ಬರೆದಿದ್ದೆ. ಮದುವೆಯಾಗದ ಮಗಳೊಬ್ಬಳು ಒಂದು ವಾರದ ಮಟ್ಟಿಗೆ ನೆಂಟರ ಮನೆಗೆ ಹೋದಾಗ ಮನೆಯಲ್ಲಿ ಉಳಿದ ಮುದಿ ತಂದೆತಾಯಿಗಳಿಗೆ ಏನಾಗುತ್ತದೆ ಎಂಬುದಷ್ಟೇ ಅದರ ಕಥೆ. ಅದನ್ನು ಓದಿ ಬಂದ ಪತ್ರಗಳಲ್ಲಿ ಹೆಚ್ಚಿನವು ತಂದೆಯ ಪಾತ್ರ ಮಾಡಿದ ವೃದ್ಧ ನಟನ ಬಗ್ಗೆಯೇ ಕೇಳಿವೆ. ಕೆಲವರು ಮೆಚ್ಚಿ ಕೇಳಿದ್ದಾರೆ, ಕೆಲವರು ಸಿಟ್ಟಿನಿಂದ ಕೇಳಿದ್ದಾರೆ. ಎರಡೂ ಬಗೆಯ ಪತ್ರಗಳಿಗೆ ಕಾರಣವಿರುವುದರಿಂದ ಈ ಬಾರಿಯ ಅಂಕಣವನ್ನು ಪೂರ್ತಿಯಾಗಿ ಆ ನಟನಿಗೇ ಮೀಸಲಿಟ್ಟಿದ್ದೇನೆ.

ಪ್ರಶ್ನೆ: ‘ಪಚಿರ್ತ’ ಚಿತ್ರದ ತಂದೆ ಯಾರು? ಆ ಮುಖವನ್ನು ನೋಡಿದ ಮೇಲೆ ಎರಡು ದಿನ ಮರೆಯಲಾಗಲಿಲ್ಲ. ಆತನ ಹಿನ್ನೆಲೆಯನ್ನು ತಿಳಿಸಿ. (ಮೈಸೂರಿನ ಓದುಗರು)

ಆತನ ಹೆಸರು ಅಂತಲ್ ಪಾಗೆರ್. ಹುಟ್ಟಿದ್ದು 1899ರ ಜನವರಿ 29ರಂದು, ಆಗ್ನೇಯ ಹಂಗೇರಿಯ ಮಕೋ ಎಂಬ ಊರಿನಲ್ಲಿ. ಈರುಳ್ಳಿ ಬೆಳೆಗೆ ದೇಶದಲ್ಲೆಲ್ಲ ಹೆಸರಾದ ಊರು ಅದು. ಪ್ರಾಂತ್ಯಗಳ ನಾಟಕ ತಂಡಗಳಲ್ಲಿ ದುಡಿದು ಪಳಗಿದ ಮೇಲೆ ಬುಡಾಪೆಸ್ಟ್ ಸೇರಿದ ಪಾಗೆರ್, 1930ರ ದಶಕದಲ್ಲಿ ಹಂಗೇರಿಯ ಮಾತಿನ ಚಿತ್ರಗಳು ಬೆಳೆದಂತೆ ತಾನೂ ಬೆಳೆದು, ದೇಶದ ಅತ್ಯಂತ ಬೇಡಿಕೆಯ ನಟರಲ್ಲಿ ಒಬ್ಬನಾದ. 1944ರ ಕೊನೆಗೆ ಸೋವಿಯೆತ್ ಸೇನೆ ಬುಡಾಪೆಸ್ಟನ್ನು ಸುತ್ತುವರಿಯುತ್ತಿದ್ದಾಗ ಪಶ್ಚಿಮಕ್ಕೆ ಪಲಾಯನ ಮಾಡಿದ. 1948ರಲ್ಲಿ ಅರ್ಜೆಂಟೀನಾ ಸೇರಿದ. 1956ರ ಆಗಸ್ಟ್‌ನಲ್ಲಿ ಹಂಗೇರಿಗೆ ಮರಳಿದ. ಆಗ ಆತನಿಗೆ 57 ವರ್ಷ. ಅನೇಕ ನಟರು ನಿವೃತ್ತಿಯನ್ನು ಯೋಚಿಸುವ ಆ ವಯಸ್ಸಿನಲ್ಲಿ ಪಾಗೆರ್ ಎರಡನೆಯ ಬಾರಿ ನಟನಾಗಿ ಹುಟ್ಟಿದ ಎನ್ನಬೇಕು. ನಾವು ಇಂದು ನೆನೆಯುವ ಬಹುತೇಕ ಪಾತ್ರಗಳು ಆ ಎರಡನೆಯ ಬದುಕಿಗೆ ಸೇರಿದವು.

‘ಪಚಿರ್ತ’ ಅವುಗಳಲ್ಲಿ ಮೊದಲು ಲೋಕದ ಗಮನ ಸೆಳೆದ ಚಿತ್ರ. ಪಚಿರ್ತ ಎಂದರೆ ಹಾಡುತ್ತ ಬಾನಿಗೇರುವ ಒಂದು ಪುಟ್ಟ ಹಕ್ಕಿ. ಕಥೆಯಲ್ಲಿ ಅದು ಮಗಳಿಗೆ ತಂದೆತಾಯಿ ಇಟ್ಟ ಮುದ್ದಿನ ಹೆಸರು. ದೆಜೋ ಕೊಸ್ತೊಲಾನ್ಯಿ 1924ರಲ್ಲಿ ಬರೆದ ಕಾದಂಬರಿಯನ್ನು ಆಧರಿಸಿ ಲಾಸ್ಲೋ ರನೋದಿ ಇದನ್ನು ನಿರ್ದೇಶಿಸಿದರು. ತಾಯಿಯಾಗಿ ಕ್ಲಾರಿ ತೊಲ್ನೈ, ಮಗಳಾಗಿ ಅನ್ನಾ ನಜ್ ನಟಿಸಿದ್ದಾರೆ. 1964ರ ಕಾನ್ ಚಿತ್ರೋತ್ಸವದಲ್ಲಿ ಅತ್ಯುತ್ತಮ ನಟ ಪ್ರಶಸ್ತಿಯನ್ನು ಪಾಗೆರ್ ಇಟಲಿಯ ಸಾರೋ ಉರ್ಜೀ ಜೊತೆ ಹಂಚಿಕೊಂಡ. ಕಥೆ ನಡೆಯುವುದು 1899ರಲ್ಲಿ, ಅಂದರೆ ಪಾಗೆರ್ ಹುಟ್ಟಿದ ವರ್ಷದಲ್ಲಿಯೇ. ತನ್ನ ತಾತನ ಪೀಳಿಗೆಯ ಮನುಷ್ಯನನ್ನು, ಆತನ ಕಾಲರನ್ನು, ಆತನ ಮರ್ಯಾದೆಯ ಭಯವನ್ನು ಈ ನಟ ಒಳಗಿನಿಂದ ಬಲ್ಲವನಂತೆ ನಟಿಸುವುದಕ್ಕೆ ಈ ಸಾಮೀಪ್ಯವೂ ಕಾರಣವಿರಬಹುದು.

ನೀವು ಮರೆಯಲಾಗದ್ದು ಯಾವ ದೃಶ್ಯವೆಂದು ಬರೆದಿಲ್ಲ, ಆದರೆ ಅದು ನಾಣ್ಯಗಳ ದೃಶ್ಯವೇ ಇರಬೇಕು ಎಂದು ನನ್ನ ಊಹೆ. ವರ್ಷಗಟ್ಟಲೆ ಮಗಳ ಅಡುಗೆ, ಮಗಳ ಹೊತ್ತು, ಮಗಳ ಮೌನಕ್ಕೆ ಹೊಂದಿಕೊಂಡು ಬಾಳಿದ ಮುದುಕ ಆಕೆಯಿಲ್ಲದ ಆ ವಾರದಲ್ಲಿ ಹೋಟೆಲಿನ ಊಟದ ರುಚಿ ನೋಡುತ್ತಾನೆ, ನಾಟಕಕ್ಕೆ ಹೋಗುತ್ತಾನೆ, ಹಳೆಯ ಗೆಳೆಯರ ಕೂಟದಲ್ಲಿ ಕುಡಿದು ಇಸ್ಪೀಟಿನಲ್ಲಿ ಹಣ ಗೆಲ್ಲುತ್ತಾನೆ. ಅಪರಾತ್ರಿಯಲ್ಲಿ ತೂರಾಡುತ್ತ ಮನೆಗೆ ಬಂದವನು ಗೆದ್ದ ನಾಣ್ಯಗಳನ್ನು ಕೋಣೆಯ ತುಂಬ ಚೆಲ್ಲುತ್ತಾನೆ. ಆಮೇಲೆ ಇಷ್ಟು ವರ್ಷ ಆ ಮನೆಯಲ್ಲಿ ಯಾರೂ ಬಾಯಿ ಬಿಟ್ಟು ಹೇಳದ ಮಾತನ್ನು ಹೆಂಡತಿಯ ಎದುರು ಹೇಳಿಬಿಡುತ್ತಾನೆ. ಮಗಳು ಕುರೂಪಿ. ಆಕೆಗೆ ಮದುವೆಯಾಗುವುದಿಲ್ಲ. ನಾವು ಆಕೆಯನ್ನು ಪ್ರೀತಿಸುತ್ತಿಲ್ಲ, ಆಕೆ ಇಲ್ಲದಿದ್ದರೇ ಚೆನ್ನಾಗಿತ್ತು ಎಂದು ಒಳಗೊಳಗೇ ಬಯಸುತ್ತಿದ್ದೇವೆ. ಇಂಥ ಮಾತನ್ನು ಆಡಿದ ತಂದೆಯನ್ನು ನೋಡುಗ ದ್ವೇಷಿಸಬೇಕು. ಆದರೆ ನಮಗೆ ಕಾಣುವುದು ಮಾತಿನ ಕ್ರೌರ್ಯಕ್ಕಿಂತ ಹೆಚ್ಚಾಗಿ, ಅದನ್ನು ಇಷ್ಟು ವರ್ಷ ಹೊತ್ತು ಬಾಗಿದ ಬೆನ್ನು. ಮರುದಿನ ಮಗಳು ರೈಲಿನಿಂದ ಇಳಿಯುವಾಗ ಅದೇ ತಂದೆ ಅದೇ ಬೆನ್ನಿನೊಂದಿಗೆ ಆಕೆಯ ಪೆಟ್ಟಿಗೆಗಾಗಿ ಕಾಯುತ್ತಾನೆ.

ಪ್ರಶ್ನೆ: ನೀವು ಆತನನ್ನು ‘ಪೋಷಕ ನಟ’ ಎಂದು ಬರೆದಿದ್ದಿರಿ. ಕಾನ್‌ನಲ್ಲಿ ಅತ್ಯುತ್ತಮ ನಟ ಪ್ರಶಸ್ತಿ ಪಡೆದವನು ಪೋಷಕ ನಟ ಹೇಗಾದಾನು? (ಧಾರವಾಡದ ಓದುಗರು)

ನಿಮ್ಮ ಆಕ್ಷೇಪ ಸರಿಯಾದುದೇ. ನಮ್ಮಲ್ಲಿ ‘ಪೋಷಕ ನಟ’ ಎಂದಾಗ ನಾಯಕನ ಕಥೆಗೆ ಆಸರೆಯಾಗಿ ನಿಲ್ಲುವ ಅಪ್ಪ, ಮೇಷ್ಟ್ರು, ಶಾನುಭೋಗರ ಪಾತ್ರಗಳು ಕಣ್ಣಿಗೆ ಬರುತ್ತವೆ. ನಾನು ಹೇಳಬೇಕಾಗಿದ್ದ ಪದ ‘ಚಾರಿತ್ರಿಕ ನಟ’ ಎಂಬುದೂ ಅಲ್ಲ, ಏಕೆಂದರೆ ಅದು ಇತಿಹಾಸದ ವೇಷಗಳನ್ನು ನೆನಪಿಸುತ್ತದೆ. ತನ್ನ ಚೆಲುವಿನಿಂದಾಗಲಿ ತಾರಾಮೌಲ್ಯದಿಂದಾಗಲಿ ಅಲ್ಲದೆ, ಒಬ್ಬ ನಿರ್ದಿಷ್ಟ ಮನುಷ್ಯನ ಸ್ವಭಾವವನ್ನು ಕಟ್ಟಿಕೊಡುವುದರಿಂದ ನಿಲ್ಲುವ ನಟ ಎಂಬುದು ನನ್ನ ಮನಸ್ಸಿನಲ್ಲಿದ್ದ ಅರ್ಥ. ‘ಸ್ವಭಾವ ನಟ’ ಎಂದರೆ ಹೆಚ್ಚು ಹತ್ತಿರವಾದೀತು.

ಯುದ್ಧಕ್ಕೆ ಮುಂಚಿನ ಪಾಗೆರ್ ತಾರೆಯಾಗಿದ್ದ. ಪ್ರೇಕ್ಷಕರು ಚಿತ್ರಮಂದಿರಕ್ಕೆ ಬರುತ್ತಿದ್ದುದು ಪಾಗೆರ್‌ನನ್ನು ನೋಡಲು. ಮರಳಿ ಬಂದ ಮೇಲೆ ಆ ಸ್ಥಾನ ಮತ್ತೆ ಸಿಗುವಂತಿರಲಿಲ್ಲ. ವಯಸ್ಸೂ ಹಾಗೆ ಬಿಡುತ್ತಿರಲಿಲ್ಲ, ಜನರ ನೆನಪೂ ಬಿಡುತ್ತಿರಲಿಲ್ಲ. ಹಾಗಾಗಿ ಗುಮಾಸ್ತ, ರೈತ, ಔಷಧದ ಅಂಗಡಿಯವನು, ಪಿಂಚಣಿದಾರ ಇಂಥ ಸಣ್ಣ ಮನುಷ್ಯರ ಕಡೆಗೆ ಆತ ತಿರುಗಿದ. ಬುಡಾಪೆಸ್ಟಿನ ವೀಗ್‌ಸೀನ್‌ಹಾಜ್ ರಂಗಮಂದಿರವನ್ನು 1957ರಲ್ಲಿ ಸೇರಿ ಸಾಯುವವರೆಗೂ ಅದರ ಸದಸ್ಯನಾಗಿದ್ದ. 1896ರಲ್ಲಿ ಬಾಗಿಲು ತೆರೆದ ಆ ರಂಗಮಂದಿರ ಯುದ್ಧದ ಬಾಂಬಿಗೆ ಸಿಕ್ಕಿ, 1951ರಲ್ಲಿ ಮತ್ತೆ ತೆರೆದುಕೊಂಡಿತ್ತು. ಪಾಗೆರ್ ಸೇರಿದಾಗ ಅದಕ್ಕೆ ‘ಹಂಗೇರಿಯನ್ ಜನಸೇನಾ ರಂಗಮಂದಿರ’ ಎಂಬ ಸರ್ಕಾರಿ ಹೆಸರಿತ್ತು. ಊರಿನ ಜನ ಬಲ್ಲ ಹಳೆಯ ಹೆಸರು ಅದಕ್ಕೆ ಮರಳಿ ಬಂದದ್ದು ಕೆಲವು ವರ್ಷಗಳ ನಂತರ.

ಪ್ರಶ್ನೆ: ಈ ಮನುಷ್ಯ ಯಹೂದಿ ವಿರೋಧಿ ಪ್ರಚಾರ ಚಿತ್ರದಲ್ಲಿ ನಟಿಸಿದವನು ಎಂದು ಓದಿದೆ. ನಿಮ್ಮ ಅಂಕಣದಲ್ಲಿ ಅದರ ಒಂದು ಮಾತೂ ಇರಲಿಲ್ಲ. ಇಂಥವನನ್ನು ಹೊಗಳುವುದು ಸರಿಯೇ? (ಶಿವಮೊಗ್ಗದ ಓದುಗರು)

ನೀವು ಓದಿದ್ದು ನಿಜ. ನಾನು ಅದನ್ನು ಬರೆಯದೆ ಬಿಟ್ಟದ್ದು ತಪ್ಪು. ನಾಲ್ಕು ಸಾಲಿನ ಟಿಪ್ಪಣಿ ಎಂಬುದು ಅದಕ್ಕೆ ಸಮಜಾಯಿಷಿಯಾಗದು. ಈಗ ಬಿಡಿಸಿ ಬರೆಯುತ್ತೇನೆ.

ಹಂಗೇರಿಯ ಸಂಸತ್ತು 1938ರಲ್ಲಿ ಮೊದಲ ಯಹೂದಿ ವಿರೋಧಿ ಕಾನೂನನ್ನು ಅಂಗೀಕರಿಸಿತು. ಪತ್ರಿಕೆ, ರಂಗಭೂಮಿ, ಚಲನಚಿತ್ರಗಳಂಥ ವೃತ್ತಿಗಳಲ್ಲಿ ಯಹೂದಿಗಳ ಪ್ರಮಾಣ ಶೇ. 20ನ್ನು ಮೀರಬಾರದು ಎಂದು ಅದು ವಿಧಿಸಿತು. ಮರುವರ್ಷದ ಎರಡನೆಯ ಕಾನೂನು ಆ ಮಿತಿಯನ್ನು ಶೇ. 6ಕ್ಕೆ ಇಳಿಸಿತು. ಇದನ್ನು ಜಾರಿಗೆ ತರಲು ನಟರ ಮಂಡಳಿಯೊಂದನ್ನು ರಚಿಸಲಾಯಿತು. ಅದರ ಸದಸ್ಯತ್ವವಿಲ್ಲದವರು ವೇದಿಕೆ ಹತ್ತುವಂತಿರಲಿಲ್ಲ, ಕ್ಯಾಮರಾ ಎದುರು ನಿಲ್ಲುವಂತಿರಲಿಲ್ಲ. ಕಾನೂನಿನ ಭಾಷೆಯಲ್ಲಿ ಇದು ಅಂಕಿಗಳ ಲೆಕ್ಕ. ಬದುಕಿನಲ್ಲಿ ಅದು ಹೇಗಿತ್ತು ಎಂಬುದಕ್ಕೆ ಜ್ಯೂಲ ಕಬೋಶ್ ಒಬ್ಬನ ಉದಾಹರಣೆ ಸಾಕು. 1930ರ ದಶಕದ ಹಂಗೇರಿಯನ್ ಪ್ರೇಕ್ಷಕ ಅತಿ ಹೆಚ್ಚು ಪ್ರೀತಿಸಿದ ಹಾಸ್ಯನಟ ಆತ. 1939ರಲ್ಲಿ ದೇಶ ಬಿಟ್ಟು ನ್ಯೂಯಾರ್ಕಿಗೆ ಹೋದ. ಭಾಷೆಯೇ ಬಂಡವಾಳವಾಗಿದ್ದ ಆ ನಟ ಭಾಷೆ ನಡೆಯದ ಊರಿನಲ್ಲಿ 1941ರಲ್ಲಿ ತೀರಿಕೊಂಡ.

ಹೀಗೆ ಖಾಲಿಯಾದ ಜಾಗಗಳ ಕಾಲದಲ್ಲಿ ಪಾಗೆರ್‌ನ ಬೇಡಿಕೆ ಇನ್ನೂ ಹೆಚ್ಚಿತು. ಆತ ಬಲಪಂಥದ ಕಡೆಗೆ ಒಲಿದವನು ಎಂಬುದನ್ನು ಮುಚ್ಚಿಟ್ಟವನೂ ಅಲ್ಲ. 1942ರಲ್ಲಿ ವಿಕ್ತೊರ್ ಬಾಂಕಿ ನಿರ್ದೇಶಿಸಿದ ‘ಅರ್ಶೇಗ್‌ವಾಲ್ತಾಶ್’ ಎಂಬ ಚಿತ್ರದಲ್ಲಿ ನಾಯಕನಾದ. ‘ಕಾವಲಿನ ಬದಲಾವಣೆ’ ಎಂದು ಅದರ ಅರ್ಥ. ಯಹೂದಿಗಳನ್ನು ಹೊರಹಾಕಿ ಆ ಜಾಗದಲ್ಲಿ ‘ನಮ್ಮವರನ್ನು’ ಕೂರಿಸಬೇಕು ಎಂಬುದಕ್ಕೆ ಅಂದಿನ ಬಲಪಂಥೀಯರು ಬಳಸುತ್ತಿದ್ದ ಘೋಷಣೆಯೇ ಅದು. ಚಿತ್ರದಲ್ಲಿ ಪಾಗೆರ್ ಕಾರ್ಖಾನೆಯೊಂದರ ಎಂಜಿನಿಯರ್. ಆ ಕಾನೂನುಗಳ ಬಲದಿಂದ ಕಾರ್ಖಾನೆಯ ಚುಕ್ಕಾಣಿ ಆತನ ಕೈಗೆ ಬರುವುದನ್ನು ನ್ಯಾಯದ ಗೆಲುವು ಎಂಬಂತೆ ಚಿತ್ರ ತೋರಿಸುತ್ತದೆ. ಅದು ಬರಿಯ ಹೊಟ್ಟೆಪಾಡಿನ ಪಾತ್ರ ಎಂದು ತಳ್ಳಿಹಾಕಲು ಬರುವುದಿಲ್ಲ. ಜನ ನಂಬುವ ಮುಖವೊಂದು ಬೇಕಾಗಿತ್ತು, ಪಾಗೆರ್ ತನ್ನ ಮುಖವನ್ನು ಕೊಟ್ಟ. ಎರಡು ವರ್ಷಗಳ ನಂತರ, 1944ರ ಮೇ ತಿಂಗಳಿಂದ ಜುಲೈವರೆಗಿನ ಎಂಟೇ ವಾರಗಳಲ್ಲಿ, ಹಂಗೇರಿಯ ಜಿಲ್ಲೆಗಳಿಂದ 4 ಲಕ್ಷ 30 ಸಾವಿರಕ್ಕೂ ಹೆಚ್ಚು ಯಹೂದಿಗಳನ್ನು ರೈಲುಗಳಲ್ಲಿ ತುಂಬಿ ಸಾಗಿಸಲಾಯಿತು. ಅವರಲ್ಲಿ ಬಹುಪಾಲು ಜನ ನಾಜಿಗಳ ಸಾವಿನ ಶಿಬಿರವಾದ ಆಶ್‌ವಿಟ್ಸ್‌ನಲ್ಲಿ ಸತ್ತರು. ಚಿತ್ರವೊಂದು ಆ ರೈಲುಗಳನ್ನು ಓಡಿಸಲಿಲ್ಲ. ಆದರೆ ನೆರೆಮನೆಯವರು ಕಿಟಕಿ ಮುಚ್ಚಿಕೊಳ್ಳಲು ಬೇಕಾದ ಮನಸ್ಸನ್ನು ತಯಾರಿಸುವುದರಲ್ಲಿ ಇಂಥ ಚಿತ್ರಗಳಿಗೆ ಪಾಲಿತ್ತು.

1964ರ ಕಾನ್ ತೀರ್ಪುಗಾರರ ಮಂಡಳಿಯ ಅಧ್ಯಕ್ಷರಾಗಿದ್ದವರು ಫ್ರಿಟ್ಜ್ ಲಾಂಗ್. ಹಿಟ್ಲರ್ ಅಧಿಕಾರಕ್ಕೆ ಬಂದ 1933ರಲ್ಲಿಯೇ ಜರ್ಮನಿ ಬಿಟ್ಟು ಹೋದ ನಿರ್ದೇಶಕ, ತಾಯಿಯ ಕಡೆಯಿಂದ ಯಹೂದಿ ಮೂಲದವರು. ಅವರ ಮಂಡಳಿ ಪಾಗೆರ್‌ಗೆ ಪ್ರಶಸ್ತಿ ಕೊಟ್ಟಿತು. ಇದರಿಂದ ಪಾಗೆರ್ ದೋಷಮುಕ್ತನಾದ ಎಂದು ನಾನು ವಾದಿಸುವುದಿಲ್ಲ. ಪ್ರಶಸ್ತಿ ಕೊಟ್ಟದ್ದು ಒಂದು ಅಭಿನಯಕ್ಕೆ, ಮನುಷ್ಯನ ಬಾಳಿಗಲ್ಲ. ನನ್ನ ನಿಲುವೂ ಇಷ್ಟೇ: ಆ ಅಭಿನಯ ದೊಡ್ಡದು, ಅದನ್ನು ದೊಡ್ಡದೆನ್ನುವಾಗ 1942ರ ಚಿತ್ರವನ್ನು ಪಕ್ಕದಲ್ಲಿಟ್ಟುಕೊಂಡೇ ಹೇಳಬೇಕು. ಒಂದನ್ನು ಹೇಳಿ ಇನ್ನೊಂದನ್ನು ಮರೆಸಿದರೆ, ಆ ವೇದಿಕೆಗಳಿಂದ ಹೊರದಬ್ಬಿಸಿಕೊಂಡ ನಟರಿಗೆ ಎರಡನೆಯ ಬಾರಿ ಅನ್ಯಾಯ ಮಾಡಿದಂತೆ. ನಿಮ್ಮ ಪತ್ರಕ್ಕೆ ನಾನು ಋಣಿ.

ಪ್ರಶ್ನೆ: ಒಂದು ಕಡೆ ಪಾಗೆರ್ ಅಂತಲ್ ಎಂದಿದೆ, ಇನ್ನೊಂದು ಕಡೆ ಅಂತಲ್ ಪಾಗೆರ್ ಎಂದಿದೆ. ಯಾವುದು ಸರಿ? (ಹಾಸನದ ಓದುಗರು)

ಎರಡೂ ಸರಿ. ಹಂಗೇರಿಯನ್ನರು ಮನೆತನದ ಹೆಸರನ್ನು ಮೊದಲು, ಸ್ವಂತ ಹೆಸರನ್ನು ಆಮೇಲೆ ಬರೆಯುತ್ತಾರೆ. ಯುರೋಪಿನಲ್ಲಿ ಇದು ಅಪರೂಪವಾದರೂ, ಮನೆತನದ ಹೆಸರನ್ನೋ ಊರಿನ ಹೆಸರನ್ನೋ ಮುಂದಿಟ್ಟು ಬರೆಯುವ ನಮಗೆ ಅಪರಿಚಿತವೇನಲ್ಲ. ವಿದೇಶಿ ಪತ್ರಿಕೆಗಳು ಅದನ್ನು ತಿರುಗಿಸಿ ಬರೆಯುವುದರಿಂದ ಗೊಂದಲವಾಗುತ್ತದೆ.

ಪ್ರಶ್ನೆ: ಇಷ್ಟೆಲ್ಲ ಹಿನ್ನೆಲೆಯಿದ್ದ ನಟನನ್ನು ಕಮ್ಯುನಿಸ್ಟ್ ಸರ್ಕಾರ ಮರಳಿ ಬರಲು ಬಿಟ್ಟದ್ದಾದರೂ ಹೇಗೆ? (ಕಲಬುರಗಿಯ ಓದುಗರು)

ದೇಶ ಬಿಟ್ಟವರನ್ನು ಮರಳಿ ಕರೆಸಿಕೊಳ್ಳುವುದು ಆಗಿನ ಸರ್ಕಾರಕ್ಕೆ ಬೇಕಾಗಿತ್ತು. ಸ್ಟಾಲಿನ್ 1953ರಲ್ಲಿ ತೀರಿಕೊಂಡ ಮೇಲೆ ಪೂರ್ವ ಯುರೋಪಿನ ಆಡಳಿತಗಳು ಹೊರಗಿನ ಲೋಕಕ್ಕೆ ತಮ್ಮ ಮೆದು ಮುಖವನ್ನು ತೋರಿಸಲು ಹವಣಿಸುತ್ತಿದ್ದವು. ಹೆಸರಾಂತ ನಟನೊಬ್ಬ ಬಂಡವಾಳಶಾಹಿ ದೇಶವನ್ನು ಬಿಟ್ಟು ತಾಯ್ನಾಡಿಗೆ ಮರಳಿದ ಎಂಬ ಸುದ್ದಿಗಿಂತ ಒಳ್ಳೆಯ ಪ್ರಚಾರ ಬೇರೆ ಯಾವುದಿತ್ತು? ಪಾಗೆರ್‌ನ ಕಡೆಯಿಂದ ನೋಡಿದರೆ, ಅರ್ಜೆಂಟೀನಾದಲ್ಲಿ ಹಂಗೇರಿಯನ್ ನಟನಿಗೆ ದೊಡ್ಡ ರಂಗಭೂಮಿ ಇರಲಿಲ್ಲ. ವಲಸಿಗರ ಸಣ್ಣ ಪ್ರೇಕ್ಷಕ ವರ್ಗವಷ್ಟೇ ಇತ್ತು. ಚಿತ್ರಕಲೆ ಬಲ್ಲವನಾದ್ದರಿಂದ ಚಿತ್ರಗಳನ್ನು ಬರೆದೂ ಕಾಲ ಕಳೆದ. ವಾಕ್ಯದ ಕೊನೆಯಲ್ಲಿ ದನಿಯನ್ನು ಎಲ್ಲಿ ಇಳಿಸಿದರೆ ಸಭೆ ನಗುತ್ತದೆ, ಎಲ್ಲಿ ಇಳಿಸಿದರೆ ಸುಮ್ಮನಾಗುತ್ತದೆ ಎಂಬುದನ್ನು ಮೂವತ್ತು ವರ್ಷ ಕಲಿತ ನಟನಿಗೆ ಆ ಭಾಷೆಯ ಸಭೆಯೇ ಇಲ್ಲವಾದರೆ ಏನುಳಿಯುತ್ತದೆ ಎಂಬುದನ್ನು ನಾವು ಊಹಿಸಿಕೊಳ್ಳಬಹುದು.

ಮರಳುವಿಕೆ ಸದ್ದಿಲ್ಲದೆ ಆಗಲಿಲ್ಲ. 1944ನ್ನು ಮೈಮೇಲೆ ಅನುಭವಿಸಿ ಉಳಿದವರು ಬುಡಾಪೆಸ್ಟಿನ ರಂಗಮಂದಿರಗಳಲ್ಲಿಯೂ ಇದ್ದರು, ಸಭಾಂಗಣಗಳಲ್ಲಿಯೂ ಇದ್ದರು. ಆದರೆ ವಾದ ವಿವಾದ ಒಂದು ಹಂತ ಮುಟ್ಟುವ ಮೊದಲೇ ಇತಿಹಾಸ ಬೇರೆ ದಿಕ್ಕು ಹಿಡಿಯಿತು. ಪಾಗೆರ್ ಬಂದದ್ದು ಆಗಸ್ಟ್‌ನಲ್ಲಿ. ಅಕ್ಟೋಬರ್ 23ರಂದು ಬುಡಾಪೆಸ್ಟಿನಲ್ಲಿ ಕ್ರಾಂತಿ ಎದ್ದಿತು, ನವೆಂಬರ್ 4ರಂದು ಸೋವಿಯೆತ್ ಟ್ಯಾಂಕುಗಳು ಅದನ್ನು ತುಳಿಯಲು ನಗರಕ್ಕೆ ನುಗ್ಗಿದವು. ಮುಂದಿನ ಕೆಲವು ತಿಂಗಳಲ್ಲಿ ಸುಮಾರು 2 ಲಕ್ಷ ಹಂಗೇರಿಯನ್ನರು ಗಡಿ ದಾಟಿ ಹೋದರು. ಹನ್ನೆರಡು ವರ್ಷ ಹೊರಗಿದ್ದು ಆಗಷ್ಟೇ ಬಂದಿದ್ದವನು ಹೋಗಲಿಲ್ಲ. ದೇಶದಲ್ಲಿಯೇ ಉಳಿದ ಹೆಸರಾಂತ ನಟ ಎಂಬುದು ಕ್ರಾಂತಿಯನ್ನು ಹತ್ತಿಕ್ಕಿದ ಮೇಲೆ ಬಂದ ಕಾದಾರ್ ಅವರ ಕಮ್ಯುನಿಸ್ಟ್ ಸರ್ಕಾರದ ಕಣ್ಣಿನಲ್ಲಿ ಆತನ ಬೆಲೆಯನ್ನು ಹೆಚ್ಚಿಸಿರಬೇಕು. 1965ರಲ್ಲಿ ದೇಶದ ದೊಡ್ಡ ಗೌರವವಾದ ಕೊಶ್ಶುತ್ ಪ್ರಶಸ್ತಿ ಆತನಿಗೆ ಸಂದಿತು.

ಪ್ರಶ್ನೆ: ಆತ ಹಳ್ಳಿಯ ಮುಖಂಡನಾಗಿ ನಟಿಸಿದ ಕಪ್ಪು ಬಿಳುಪು ಚಿತ್ರವೊಂದನ್ನು ವರ್ಷಗಳ ಹಿಂದೆ ಫಿಲಂ ಸೊಸೈಟಿಯೊಂದರ ಪ್ರದರ್ಶನದಲ್ಲಿ ನೋಡಿದ ನೆನಪು. ಪತ್ರಕರ್ತನೊಬ್ಬ ಹಳ್ಳಿಗೆ ಬಂದು ಎಲ್ಲರನ್ನೂ ಪ್ರಶ್ನಿಸುತ್ತಾನೆ. ಕಥೆ ಹಿಂದೆ ಮುಂದೆ ಹೋಗುತ್ತಿದ್ದುದರಿಂದ ಪೂರ್ತಿ ಅರ್ಥವಾಗಲಿಲ್ಲ. (ಬೆಂಗಳೂರಿನ ಓದುಗರು)

ಅದು ಜೊಲ್ತಾನ್ ಫಾಬ್ರಿ 1965ರಲ್ಲಿ ನಿರ್ದೇಶಿಸಿದ ‘ಹೂಸ್ ಓರ’, ಅಂದರೆ ‘ಇಪ್ಪತ್ತು ಗಂಟೆಗಳು’. ಫೆರೆಂತ್ಸ್ ಶಾನ್ತ ಅವರ ಕಾದಂಬರಿಯನ್ನು ಆಧರಿಸಿದ್ದು. ಅದೇ ವರ್ಷದ ಮಾಸ್ಕೋ ಚಿತ್ರೋತ್ಸವದಲ್ಲಿ ಅದಕ್ಕೆ ದೊಡ್ಡ ಪ್ರಶಸ್ತಿ ಬಂತು. ಸೋವಿಯೆತ್ ನಿರ್ದೇಶಕ ಬೊಂದರ್‌ಚುಕ್ ಅವರ ‘ಯುದ್ಧ ಮತ್ತು ಶಾಂತಿ’ ಚಿತ್ರದೊಂದಿಗೆ ಹಂಚಿಕೊಂಡ ಪ್ರಶಸ್ತಿ ಅದು.

ಹಿನ್ನೆಲೆ ತಿಳಿದರೆ ಕಥೆ ತಾನೇ ಬಿಡಿಸಿಕೊಳ್ಳುತ್ತದೆ. 1945ರ ಭೂಸುಧಾರಣೆಯಲ್ಲಿ ಹಂಗೇರಿಯ ದೊಡ್ಡ ಜಮೀನ್ದಾರಿಗಳನ್ನು ಒಡೆದು 6 ಲಕ್ಷಕ್ಕೂ ಹೆಚ್ಚು ಬಡವರಿಗೆ ಭೂಮಿ ಹಂಚಲಾಯಿತು. ಭೂಮಿ ಕೈಗೆ ಬಂದು ಐದು ವರ್ಷ ಕಳೆಯುವ ಮೊದಲೇ ಅದನ್ನು ಸಹಕಾರಿ ಬೇಸಾಯಕ್ಕೆ ಒಪ್ಪಿಸಬೇಕೆಂಬ ಒತ್ತಾಯ ಶುರುವಾಯಿತು. ಧಾನ್ಯದ ಲೆವಿ, ಬೆದರಿಕೆ, ಬಂಧನ ಎಲ್ಲವೂ ಬಂದವು. 1956ರಲ್ಲಿ ಅನೇಕ ಹಳ್ಳಿಗಳಲ್ಲಿ ಸಹಕಾರಿ ಬೇಸಾಯ ಮುರಿದುಬಿತ್ತು. 1959ರಿಂದ 1961ರೊಳಗೆ ಅದನ್ನು ಮತ್ತೆ ಕಟ್ಟಿ ಮುಗಿಸಲಾಯಿತು. ಚಿತ್ರದಲ್ಲಿ, ಭೂಮಿ ಹಂಚಿಕೆಯ ದಿನ ಒಟ್ಟಿಗೆ ನಿಂತಿದ್ದ ಬಡ ಗೆಳೆಯರು ಈ ಹತ್ತು ವರ್ಷಗಳಲ್ಲಿ ಒಬ್ಬರಿಗೊಬ್ಬರು ವೈರಿಗಳಾಗಿದ್ದಾರೆ. 1956ರಲ್ಲಿ ಅವರಲ್ಲಿ ಒಬ್ಬ ಇನ್ನೊಬ್ಬನನ್ನು ಗುಂಡಿಟ್ಟು ಕೊಂದಿದ್ದಾನೆ. ಏಕೆ ಕೊಂದ ಎಂದು ತಿಳಿಯಲು ಪತ್ರಕರ್ತ ಬಂದಿದ್ದಾನೆ, ಇಪ್ಪತ್ತು ಗಂಟೆ ಅಲ್ಲಿ ಇರುತ್ತಾನೆ. ಪ್ರತಿಯೊಬ್ಬನೂ ತನ್ನ ಪಾಲಿನ ಸತ್ಯವನ್ನು ಹೇಳುವುದರಿಂದ ಕಥೆ ಚೂರು ಚೂರಾಗಿ ನಮ್ಮ ಕೈಗೆ ಬರುತ್ತದೆ. ನಿಮಗೆ ಗೊಂದಲವಾದದ್ದು ಸಹಜ, ಏಕೆಂದರೆ ಆ ಹಳ್ಳಿಯಲ್ಲಿ ಯಾರ ಬಳಿಯೂ ಇಡೀ ಕಥೆ ಇಲ್ಲ.

ಪಾಗೆರ್ ಇಲ್ಲಿ ಸಹಕಾರಿ ಬೇಸಾಯದ ಅಧ್ಯಕ್ಷ ಯೋಶ್ಕ. ತಾನೂ ಆ ಗೆಳೆಯರ ಪೈಕಿ ಒಬ್ಬ. ಎಲ್ಲರ ಸಿಟ್ಟನ್ನೂ ಬಲ್ಲ, ಎಲ್ಲರ ತಪ್ಪನ್ನೂ ಬಲ್ಲ; ಆದರೂ ನಾಳೆ ಬೆಳಗ್ಗೆ ಹೊಲಕ್ಕೆ ಯಾರು ಹೋಗಬೇಕು ಎಂಬುದನ್ನು ಇಂದು ರಾತ್ರಿಯೇ ತೀರ್ಮಾನಿಸಬೇಕಾದವನು ಆತನೇ. ಭಾಷಣ ಮಾಡುವ ಕಮ್ಯುನಿಸ್ಟ್ ಅಲ್ಲ, ದಣಿದ ರೈತ. ಪ್ರಚಾರ ಚಿತ್ರವೊಂದರಲ್ಲಿ ತನ್ನ ಮುಖವನ್ನು ಒಂದು ಸಿದ್ಧಾಂತಕ್ಕೆ ಕೊಟ್ಟಿದ್ದ ನಟ, ಇನ್ನೊಂದು ಸಿದ್ಧಾಂತದ ಕಾಲದಲ್ಲಿ ಅಂಥದೇ ಒಂದು ಪಾತ್ರವನ್ನು ಘೋಷಣೆಯಾಗಲು ಬಿಡದೆ ಮನುಷ್ಯನಾಗಿ ಉಳಿಸಿದ್ದಾನೆ. ಈ ಎರಡು ಅಭಿನಯಗಳ ನಡುವಿನ ಅಂತರ ನನಗೆ ಆತನ ಬದುಕಿನಲ್ಲಿಯೇ ಅತ್ಯಂತ ಮುಖ್ಯವಾಗಿ ಕಾಣುತ್ತದೆ.

ಪ್ರಶ್ನೆ: ತನ್ನ ಹಳೆಯ ತಪ್ಪಿನ ಬಗ್ಗೆ ಆತ ಎಂದಾದರೂ ಬಾಯಿ ಬಿಟ್ಟನೇ? (ಮಂಗಳೂರಿನ ಓದುಗರು)

ಪಾತ್ರಗಳ ಮೂಲಕವಾದರೆ, ಹೌದು, ಒಮ್ಮೆಯಂತೂ ಬಹಳ ನೇರವಾಗಿ. 1966ರಲ್ಲಿ ಫಾಬ್ರಿ ನಿರ್ದೇಶಿಸಿದ ‘ಉತೋಸೆಜೋನ್’ ಎಂಬ ಚಿತ್ರವಿದೆ. ಹಂಗಾಮು ಕಳೆದ ಮೇಲಿನ ದಿನಗಳು ಎಂದು ಅದರ ಅರ್ಥ. ಪಾಗೆರ್ ಅದರಲ್ಲಿ ಕೆರೆಕೆಶ್ ಎಂಬ ವೃದ್ಧ; ಒಂದು ಕಾಲದಲ್ಲಿ ಔಷಧದ ಅಂಗಡಿಯಲ್ಲಿ ಕೆಲಸ ಮಾಡಿದವನು. ಪೊಲೀಸರು ನಿನ್ನನ್ನು ಹುಡುಕುತ್ತಿದ್ದಾರೆ ಎಂದು ಹಳೆಯ ಗೆಳೆಯರು ತಮಾಷೆಗೆ ಆತನನ್ನು ನಂಬಿಸುತ್ತಾರೆ. ಗೆಳೆಯರಿಗೆ ಅದು ಹೊತ್ತು ಕಳೆಯುವ ಆಟ. ಆದರೆ ಕೆರೆಕೆಶ್ ‘ಏಕೆ?’ ಎಂದು ಕೇಳುವುದಿಲ್ಲ. ಏಕೆಂದು ಆತನಿಗೆ ಗೊತ್ತಿದೆ. 1944ರಲ್ಲಿ ಆ ಅಂಗಡಿಯ ಯಹೂದಿ ಮಾಲೀಕ ದಂಪತಿಗಳ ಬಗ್ಗೆ ಆತನ ಬಾಯಿಂದ ಅರ್ಧ ಮಾತು ಹೊರಬಿದ್ದಿತ್ತು. ಅಷ್ಟಕ್ಕೇ ಅವರನ್ನು ಎಳೆದೊಯ್ದರು.

ಅರ್ಧ ಮಾತು ಎಂಬುದನ್ನು ಗಮನಿಸಬೇಕು. ಕೆರೆಕೆಶ್ ಯಾರನ್ನೂ ಹೊಡೆದಿಲ್ಲ, ಯಾರ ಮೇಲೂ ಬಂದೂಕು ಹಿಡಿದಿಲ್ಲ. ಕಾನೂನಿನ ಪುಸ್ತಕದಲ್ಲಿ ಆತನ ಅಪರಾಧಕ್ಕೆ ಕಲಮು ಹುಡುಕುವುದು ಕಷ್ಟ. ಆದ್ದರಿಂದಲೇ ಆತನಿಗೆ ಶಿಕ್ಷೆಯಾಗಿಲ್ಲ, ಶಿಕ್ಷೆಯಾಗದ್ದರಿಂದ ಬಿಡುಗಡೆಯೂ ಆಗಿಲ್ಲ. ತಾನೇ ತನ್ನನ್ನು ಒಪ್ಪಿಸಲು ಹೋಗುತ್ತಾನೆ, ಆತನ ಮೇಲೆ ಯಾವ ದೂರೂ ಇಲ್ಲವೆಂದು ತಿಳಿಯುತ್ತದೆ. ಆ ಕ್ಷಣ ನಿರಾಳವಾಗಬೇಕಾದ ಮನುಷ್ಯ ಇನ್ನಷ್ಟು ಕುಗ್ಗುತ್ತಾನೆ.

1942ರಲ್ಲಿ ಯಹೂದಿಗಳ ಜಾಗಕ್ಕೆ ಬರುವ ನಾಯಕನಾಗಿ ಗೆದ್ದ ನಟ, 24 ವರ್ಷಗಳ ನಂತರ ಅಂಥದೇ ಕಾಲದ ಅಪರಾಧಕ್ಕಾಗಿ ತೀರ್ಪನ್ನು ಬೇಡಿಕೊಂಡು ಅಲೆಯುವ ಮುದುಕನಾಗಿ ತೆರೆಯ ಮೇಲೆ ನಿಲ್ಲುವುದನ್ನು ಹಂಗೇರಿಯ ಪ್ರೇಕ್ಷಕರು ಏನೂ ಅರಿಯದವರಂತೆ ನೋಡಿರಲಾರರು. ಪಾತ್ರಕ್ಕೆ ಪಾಗೆರ್‌ನನ್ನು ಆರಿಸಿದ ಫಾಬ್ರಿಗೆ ಆ ಮುಖದ ಹಿಂದಿನ ಕಥೆ ಗೊತ್ತಿಲ್ಲದೆ ಇರಲಿಲ್ಲ. ಇದನ್ನು ಪ್ರಾಯಶ್ಚಿತ್ತ ಎನ್ನಬಹುದೇ? ಪಾತ್ರದ ಪಶ್ಚಾತ್ತಾಪವನ್ನು ನಟನ ಖಾತೆಗೆ ಜಮಾ ಮಾಡಲು ನನಗೆ ಮನಸ್ಸಿಲ್ಲ, ಅದು ಸುಲಭದ ದಾರಿ. ಆದರೆ ಅಂಥ ಪಾತ್ರವನ್ನು ಆತ ನಿರಾಕರಿಸಬಹುದಾಗಿತ್ತು. ಕಾನ್ ಪ್ರಶಸ್ತಿ ಬಂದಿತ್ತು, ಕೊಶ್ಶುತ್ ಪ್ರಶಸ್ತಿ ಬಂದಿತ್ತು, ಹಳೆಯದನ್ನು ಕೆದಕುವ ಅಗತ್ಯ ಆತನಿಗೇನೂ ಇರಲಿಲ್ಲ. ಒಪ್ಪಿಕೊಂಡ, ಮತ್ತು ಆ ಮುದುಕನಿಗೆ ಯಾವ ರಿಯಾಯಿತಿಯನ್ನೂ ಕೊಡದೆ ನಟಿಸಿದ.

ಪ್ರಶ್ನೆ: ಯುದ್ಧದ ನಂತರ ಹೀಗೆ ಮರಳಿ ಬಂದ ಹಂಗೇರಿಯನ್ ನಟರು ಬೇರೆ ಇದ್ದರೇ? (ತುಮಕೂರಿನ ಓದುಗರು)

ಇದ್ದರು. ಪಾಗೆರ್‌ನ ಕಥೆಯ ಪಕ್ಕದಲ್ಲಿ ಪಾಲ್ ಯಾವೊರ್‌ನ ಕಥೆಯನ್ನು ಇಟ್ಟು ನೋಡಬೇಕು. 1930ರ ದಶಕದಲ್ಲಿ ಇಬ್ಬರೂ ಜನಪ್ರಿಯತೆಯ ತುದಿಯಲ್ಲಿದ್ದರು. ಯಾವೊರ್‌ನ ಹೆಂಡತಿ ಯಹೂದಿ. 1944ರಲ್ಲಿ ಹಂಗೇರಿಯ ಫ್ಯಾಸಿಸ್ಟರಾದ ‘ಬಾಣದ ಶಿಲುಬೆ’ ಪಕ್ಷದವರ ಕಾಲದಲ್ಲಿ ಆತ ಸೆರೆಮನೆ ಸೇರಿದ. ಯುದ್ಧ ಮುಗಿದ ಮೇಲೆ 1946ರಲ್ಲಿ ಅಮೆರಿಕಕ್ಕೆ ಹೋದ, ಹಾಲಿವುಡ್‌ನಲ್ಲಿ ಸಣ್ಣಪುಟ್ಟ ಪಾತ್ರಗಳಷ್ಟೇ ಸಿಕ್ಕವು. 1957ರಲ್ಲಿ ಊರಿಗೆ ಮರಳಿದ. ಎರಡೇ ವರ್ಷದಲ್ಲಿ, 1959ರಲ್ಲಿ ತೀರಿಕೊಂಡ. ಸೆರೆಮನೆ ಕಂಡವನಿಗೆ ಎರಡು ವರ್ಷ, ಪ್ರಚಾರ ಚಿತ್ರ ಮಾಡಿದವನಿಗೆ ಮೂವತ್ತು ವರ್ಷ. ಇದರಲ್ಲಿ ಯಾರ ತಪ್ಪೂ ಇಲ್ಲ, ಕಾಯಿಲೆಗೂ ಆಯುಷ್ಯಕ್ಕೂ ನ್ಯಾಯದ ತಕ್ಕಡಿ ಇರುವುದಿಲ್ಲ. ಆದರೂ ಪಾಗೆರ್‌ನ ಎರಡನೆಯ ಬದುಕನ್ನು ಕುರಿತು ಬರೆಯುವಾಗಲೆಲ್ಲ ಯಾವೊರ್ ನನ್ನ ಮನಸ್ಸಿಗೆ ಬರುತ್ತಾನೆ.

ಪ್ರಶ್ನೆ: ಪಾಗೆರ್ ಹಾಲಿವುಡ್‌ಗೆ ಏಕೆ ಹೋಗಲಿಲ್ಲ? ಡ್ರಾಕುಲಾ ಪಾತ್ರ ಮಾಡಿದ ಲುಗೋಶಿಯೂ ಹಂಗೇರಿಯವನೇ ಅಲ್ಲವೇ? (ಉಡುಪಿಯ ಓದುಗರು)

ಬೇಲಾ ಲುಗೋಶಿ ಹೋದದ್ದು ಮೊದಲ ಮಹಾಯುದ್ಧದ ನಂತರ, ಆಗಿನ ಕಾರಣಗಳೇ ಬೇರೆ. ಹಂಗೇರಿಯಲ್ಲಿ ಹುಟ್ಟಿದ ನಟ ಪೀಟರ್ ಲೋರೆಯಂಥವರು ಹಿಟ್ಲರನಿಂದ ತಪ್ಪಿಸಿಕೊಂಡು ಹೋದರು. ಪಾಗೆರ್ ಓಡಿದ್ದು ಹಿಟ್ಲರನಿಂದಲ್ಲ, ಹಿಟ್ಲರನನ್ನು ಸೋಲಿಸಿದ ಸೇನೆಯಿಂದ. ಅಂಥವನಿಗೆ ಹಾಲಿವುಡ್‌ನಲ್ಲಿ ಬಾಗಿಲು ತೆರೆಯುವವರು ಇರಲಿಲ್ಲ.

ಪ್ರಶ್ನೆ: ಆ ಕಾಲದ ಇನ್ನೊಬ್ಬ ಸ್ವಭಾವ ನಟನನ್ನು ನೋಡಬೇಕೆಂದರೆ ಯಾರನ್ನು ಸೂಚಿಸುತ್ತೀರಿ? ‘ಪಚಿರ್ತ’ ಕಾದಂಬರಿ ಓದಲು ಸಿಗುತ್ತದೆಯೇ? (ಬೆಳಗಾವಿಯ ಓದುಗರು)

ಲಯೋಶ್ ಓಜೆ. 1935ರಲ್ಲಿ ಹುಟ್ಟಿ, 1984ರಲ್ಲಿ 49ನೆಯ ವಯಸ್ಸಿಗೇ ತೀರಿಕೊಂಡವನು; ಹಾಗಾಗಿ ಪಾಗೆರ್‌ಗಿಂತ ಒಂದು ಪೀಳಿಗೆ ಕಿರಿಯ. ಫಾಬ್ರಿಯವರೇ 1976ರಲ್ಲಿ ನಿರ್ದೇಶಿಸಿದ ‘ಐದನೆಯ ಮುದ್ರೆ’ಯನ್ನು ನೋಡಿ. ಅದರ ಮೂಲವೂ ಶಾನ್ತ ಅವರ ಕಾದಂಬರಿ. 1944ರ ಬುಡಾಪೆಸ್ಟಿನ ಹೆಂಡದಂಗಡಿಯೊಂದರಲ್ಲಿ ಗೆಳೆಯರು ಸಂಜೆ ಹೊತ್ತು ಕೂತಿದ್ದಾರೆ. ಗಡಿಯಾರ ರಿಪೇರಿಯ ಜ್ಯುರಿತ್ಸ, ಅಂದರೆ ಓಜೆ, ಅವರ ಮುಂದೆ ಒಂದು ಪ್ರಶ್ನೆ ಇಡುತ್ತಾನೆ: ಮತ್ತೆ ಹುಟ್ಟುವುದಾದರೆ ಕ್ರೂರ ರಾಜನಾಗುವಿರೋ, ಆತನ ಗುಲಾಮನಾಗುವಿರೋ? ಮರುದಿನ ಫ್ಯಾಸಿಸ್ಟರು ಅವರನ್ನು ಹಿಡಿದೊಯ್ದು, ಸಾಯುತ್ತಿರುವ ಬಂಡಾಯಗಾರನೊಬ್ಬನ ಕೆನ್ನೆಗೆ ಹೊಡೆದವರಿಗೆ ಬಿಡುಗಡೆ ಎನ್ನುತ್ತಾರೆ. ಜ್ಯುರಿತ್ಸನ ಮನೆಯಲ್ಲಿ ಯಹೂದಿ ಮಕ್ಕಳು ಅಡಗಿದ್ದಾರೆ, ಆತ ಮರಳದಿದ್ದರೆ ಅವರಿಗೆ ದಿಕ್ಕಿಲ್ಲ. ಆತ ಕೈ ಎತ್ತುತ್ತಾನೆ. ಕೆರೆಕೆಶ್‌ನ ಅರ್ಧ ಮಾತಿಗೂ ಜ್ಯುರಿತ್ಸನ ಆ ಏಟಿಗೂ ನಡುವೆ ಹತ್ತು ವರ್ಷವಿದೆ, ನಿರ್ದೇಶಕ ಒಬ್ಬನೇ. ಎರಡನ್ನೂ ಒಂದೇ ವಾರದಲ್ಲಿ ನೋಡಿದರೆ ಒಳ್ಳೆಯದು, ಮೊದಲು ಪಾಗೆರ್, ಆಮೇಲೆ ಓಜೆ.

ಕೊಸ್ತೊಲಾನ್ಯಿ ಕಾದಂಬರಿಗೆ ರಿಚರ್ಡ್ ಅಕ್ಸೆಲ್ 1993ರಲ್ಲಿ ಮಾಡಿದ ಇಂಗ್ಲಿಷ್ ಅನುವಾದವಿದೆ. ಸಣ್ಣ ಪುಸ್ತಕ, ಒಂದು ಭಾನುವಾರದಲ್ಲಿ ಓದಿ ಮುಗಿಸಬಹುದು. ಊಟದ ಕೋಣೆಯಲ್ಲಿ ತಂದೆತಾಯಿಗಳು ಮಗಳ ಪ್ರಯಾಣಕ್ಕೆ ಸಾಮಾನು ಕಟ್ಟುವುದರೊಂದಿಗೆ ಅದು ಶುರುವಾಗುತ್ತದೆ. ಮನೆಗೆ ಮರಳಿದ ಮಗಳು ಯಾರಿಗೂ ಕೇಳಿಸದಂತೆ ದಿಂಬಿಗೆ ಮುಖವೊತ್ತಿ ಅಳುವಲ್ಲಿ ಮುಗಿಯುತ್ತದೆ. ಪಾಗೆರ್ 1986ರ ಡಿಸೆಂಬರ್ 14ರಂದು, 87ನೆಯ ವಯಸ್ಸಿನಲ್ಲಿ ಬುಡಾಪೆಸ್ಟಿನಲ್ಲಿ ತೀರಿಕೊಂಡ. ಆ ಹೊತ್ತಿಗೆ ಆತ ನಟಿಸಿದ ಚಿತ್ರಗಳ ಸಂಖ್ಯೆ ನೂರನ್ನು ಮೀರಿತ್ತು. ಪುಸ್ತಕವನ್ನು ಮೊದಲು ಓದಿದವರಿಗೂ, ಆ ತಂದೆಯ ಮಾತು ಬಂದಾಗ, ಇನ್ನು ಆತನ ದನಿಯೇ ಕೇಳಿಸುತ್ತದೆ.